ತಂಗಿ ಪಾತ್ರ, ಮೂರು ವರ್ಷದ ಅಗ್ರಿಮೆಂಟ್: ಧಾರಾವಾಹಿಗೆ ಹೊಸದಾಗಿ ಬರುವವರು ಸಹಿಗೆ ಮೊದಲು ನೋಡಬೇಕಾದ್ದು

ಪ್ರಶ್ನೆ: ನನಗೆ 22 ವರ್ಷ, ಊರು ಸಾಗರದ ಹತ್ತಿರ. ಬಿ.ಕಾಂ. ಕೊನೆಯ ಸೆಮಿಸ್ಟರ್‌ನಲ್ಲಿದ್ದೇನೆ. ಕಾಲೇಜು ರಂಗತಂಡದಲ್ಲಿ ಕೆಲವು ನಾಟಕ ಮಾಡಿದ್ದೇನೆ. ಆಡಿಷನ್ ವಿಡಿಯೊ ನೋಡಿ ಬೆಂಗಳೂರಿನ ಒಂದು ಪ್ರೊಡಕ್ಷನ್ ಹೌಸ್‌ನವರು ಕರೆಸಿ ಲುಕ್ ಟೆಸ್ಟ್ ಮಾಡಿದರು. ದಿನದ ಧಾರಾವಾಹಿಯೊಂದರಲ್ಲಿ ನಾಯಕಿಯ ತಂಗಿಯ ಪಾತ್ರ ಕೊಡುತ್ತಾರಂತೆ. ದಿನಕ್ಕೆ 4,000 ರೂಪಾಯಿ. ‘ತಿಂಗಳಿಗೆ ಹನ್ನೆರಡು ಹದಿನೈದು ದಿನ ಇದ್ದೇ ಇರುತ್ತೆ’ ಎಂದು ಬಾಯಲ್ಲಿ ಹೇಳಿದ್ದಾರೆ. ಅಗ್ರಿಮೆಂಟಿನಲ್ಲಿ ಮಾತ್ರ 3 ವರ್ಷ ಬೇರೆಲ್ಲೂ ನಟಿಸುವಂತಿಲ್ಲ, ಮಧ್ಯೆ ಬಿಟ್ಟರೆ 5 ಲಕ್ಷ ಕಟ್ಟಬೇಕು ಎಂದಿದೆ. ಇದೇ ಹೊತ್ತಿಗೆ ಇನ್ನೊಬ್ಬರು ಫೋನ್ ಮಾಡಿ, 25,000 ಕೊಟ್ಟು ಆರ್ಟಿಸ್ಟ್ ಕಾರ್ಡ್ (ಕಲಾವಿದರ ಸಂಘದ ಸದಸ್ಯತ್ವ ಕಾರ್ಡ್) ಮಾಡಿಸಿದರೆ ನೇರವಾಗಿ ನಾಯಕಿ ಪಾತ್ರವೇ ಕೊಡಿಸುತ್ತೇನೆ ಎನ್ನುತ್ತಿದ್ದಾರೆ. ಒಮ್ಮೆ ತಂಗಿ ಪಾತ್ರ ಮಾಡಿದರೆ ಮುಂದೆ ನಾಯಕಿ ಮಾಡುವುದಿಲ್ಲ ಎಂದು ಗೆಳತಿಯರು ಹೆದರಿಸುತ್ತಾರೆ. ಅಮ್ಮನಿಗೆ ರಾತ್ರಿ ಶೂಟಿಂಗ್ ಚಿಂತೆ. ಏನು ಮಾಡಲಿ?

ಉತ್ತರ: ನೀವು ಕೇಳಿರುವುದು ನಾಲ್ಕೈದು ವಿಷಯವಾದರೂ ಒಳಗಿನ ಅಳುಕು ಒಂದೇ: ಸಹಿ ಹಾಕಿದರೆ ದಾರಿ ತೆರೆದುಕೊಳ್ಳುತ್ತದೋ, ಇಲ್ಲ ಮೂರು ವರ್ಷ ಕೈಕಟ್ಟಿ ಕೂರಬೇಕಾಗುತ್ತದೋ. ಎರಡೂ ಆಗಬಹುದು. ಅದನ್ನು ತೀರ್ಮಾನಿಸುವುದು 4,000ದ ದರವಲ್ಲ. ತಿಂಗಳಿಗೆ ನಿಮ್ಮನ್ನು ಎಷ್ಟು ದಿನ ಕರೆಯಲೇಬೇಕು ಎಂಬುದು ಕಾಗದದಲ್ಲಿ ಇದೆಯೋ ಇಲ್ಲವೋ ಎಂಬುದು. ನಿಮ್ಮ ಅಗ್ರಿಮೆಂಟಿನಲ್ಲಿ ಅದು ಇಲ್ಲ. ಉಳಿದ ಚರ್ಚೆಯೆಲ್ಲ ಇದರ ಸುತ್ತಲೇ ಬರುತ್ತದೆ.

ಮೊದಲು ಆ 25,000ದ ವಿಷಯ ಮುಗಿಸೋಣ. ಕೊಡಬೇಡಿ. ಆಡಿಷನ್‌ಗೆ, ಲುಕ್ ಟೆಸ್ಟ್‌ಗೆ, ಪಾತ್ರಕ್ಕೆ ಕಲಾವಿದರಿಂದ ಹಣ ಕೇಳುವುದು ಈ ವೃತ್ತಿಯ ಪದ್ಧತಿಯೇ ಅಲ್ಲ. ಕಲಾವಿದರ ಸಂಘಗಳ ಸದಸ್ಯತ್ವ ಬೇರೆ ವಿಷಯ. ಅದು ಕೆಲಸ ಸಿಕ್ಕ ಮೇಲಿನ ಮಾತು. ಅದರ ಹಣ ಸಂಘದ ಖಾತೆಗೆ ಹೋಗಿ ರಸೀದಿ ಬರಬೇಕು, ಯಾರದೋ ಯುಪಿಐ ನಂಬರಿಗಲ್ಲ. ‘ನೇರವಾಗಿ ನಾಯಕಿ’ ಎಂದು ಮಾತು ಕೊಡುವ ಅಧಿಕಾರ ಯಾವ ಕೋಆರ್ಡಿನೇಟರ್ (ಪಾತ್ರ ಕೊಡಿಸುವ ಮಧ್ಯವರ್ತಿ) ಕೈಯಲ್ಲೂ ಇರುವುದಿಲ್ಲ. ನಾಯಕಿಯ ಆಯ್ಕೆ ನಡೆಯುವುದು ಹೀಗೆ: ಪ್ರೊಡಕ್ಷನ್ ಹೌಸ್ ಕೆಲವು ಮುಖಗಳನ್ನು ಮುಂದಿಡುತ್ತದೆ, ಚಾನೆಲ್‌ನಲ್ಲಿ ಧಾರಾವಾಹಿ ನೋಡಿಕೊಳ್ಳುವ ಫಿಕ್ಷನ್ ತಂಡ ಆಡಿಷನ್ ನೋಡುತ್ತದೆ, ಲುಕ್ ಟೆಸ್ಟ್ ಆಗುತ್ತದೆ, ನಾಯಕನ ಜೊತೆ ನಿಲ್ಲಿಸಿ ಜೋಡಿ ಹೊಂದುತ್ತದೆಯೇ ಎಂದು ಒಂದೆರಡು ಸೀನ್ ತೆಗೆಯುತ್ತಾರೆ, ಆಮೇಲೆ ಚಾನೆಲ್ ಒಪ್ಪಿಗೆ, ಕೊನೆಗೆ ಪ್ರೋಮೋ ಶೂಟ್. ಪ್ರೋಮೋ ಶೂಟ್‌ಗೆ ಒಂದು ದಿನ ಮೊದಲು ಮುಖ ಬದಲಾಗುವುದೂ ಉಂಟು. ಹಣ ಈಗಾಗಲೇ ಕೊಟ್ಟಿದ್ದರೆ ತಡ ಮಾಡದೆ 1930 ಸೈಬರ್ ವಂಚನೆ ಸಹಾಯವಾಣಿಗೆ ಕರೆ ಮಾಡಿ. ಹಣ ಮುಂದಿನ ಖಾತೆಗೆ ದಾಟುವ ಮೊದಲೇ ದೂರು ಹೋದರೆ ತಡೆಹಿಡಿಯುವ ಸಾಧ್ಯತೆ ಹೆಚ್ಚು.

ತಂಗಿ ಪಾತ್ರದ ಭಯ

ಗೆಳತಿಯರ ಮಾತಿನಲ್ಲಿ ಅರ್ಧ ನಿಜವಿದೆ. ಹೊಸ ಧಾರಾವಾಹಿಯ ನಾಯಕಿಗೆ ಚಾನೆಲ್‌ಗಳು ಹೊಸ ಮುಖ ಹುಡುಕುವುದು ನಿಜ. ಪ್ರೋಮೋ ಬಂದ ಕೆಲವೇ ವಾರಗಳಲ್ಲಿ ವೀಕ್ಷಕರು ಆ ಹುಡುಗಿಯನ್ನು ಪಾತ್ರದ ಹೆಸರಿನಿಂದಲೇ ಗುರುತಿಸಬೇಕು. ಅದೇ ಮುಖ ಇನ್ನೊಂದು ಚಾನೆಲ್‌ನಲ್ಲಿ ಸಂಜೆ ಏಳಕ್ಕೆ ಬೇರೆ ಹೆಸರಿನಲ್ಲಿ ಅಳುತ್ತಿದ್ದರೆ ಪ್ರೋಮೋ ಕೆಲಸ ಮಾಡುವುದಿಲ್ಲ. ಅಂದರೆ ಅಡ್ಡಿ ಬರುವುದು ಪಾತ್ರ ಚಿಕ್ಕದು ಎಂಬ ಕಾರಣಕ್ಕಲ್ಲ, ಆ ಹೊತ್ತಿಗೆ ಪರದೆಯ ಮೇಲೆ ಇದ್ದೀರಿ ಎಂಬ ಕಾರಣಕ್ಕೆ. ಧಾರಾವಾಹಿ ಮುಗಿದು ಕೆಲವು ತಿಂಗಳು ಕಳೆದರೆ ಆ ಅಡ್ಡಿ ತಾನಾಗಿ ಹೋಗುತ್ತದೆ.

ನಿಜವಾಗಿ ಅಂಟಿಕೊಳ್ಳುವುದು ಬೇರೆ: ಒಂದೇ ಬಗೆಯ ಪಾತ್ರಗಳ ಸಾಲು. ಮುಗ್ಧ ತಂಗಿ, ಅದಾದ ಮೇಲೆ ಇನ್ನೊಂದು ಮನೆಯ ಮುಗ್ಧ ತಂಗಿ ಎಂದು ಎರಡು ಧಾರಾವಾಹಿ ಮಾಡಿದರೆ, ಮೂರನೆಯ ಆಡಿಷನ್ ಪಟ್ಟಿಯಲ್ಲಿ ನಿಮ್ಮ ಹೆಸರು ‘ತಂಗಿ’ ಎಂಬ ಕಾಲಮ್ಮಿನಲ್ಲಿರುತ್ತದೆ. ಹಾಗಾಗಿ ಮೊದಲ ಪಾತ್ರ ತಂಗಿಯಾದರೆ ಅಡ್ಡಿಯಿಲ್ಲ. ಎರಡನೆಯದು ಬೇರೆ ಬಣ್ಣದ್ದಾಗಿರಲಿ, ನೆಗೆಟಿವ್ ಆದರೂ ಸರಿ. ಧಾರಾವಾಹಿಯವರನ್ನು ಸಿನಿಮಾದವರು ತೆಗೆದುಕೊಳ್ಳುವುದಿಲ್ಲ ಎಂಬ ಮಾತನ್ನೂ ತಲೆಗೆ ಹಚ್ಚಿಕೊಳ್ಳಬೇಡಿ. ರಾಧಿಕಾ ಪಂಡಿತ್ 2008ರಲ್ಲಿ, ರಚಿತಾ ರಾಮ್ 2013ರಲ್ಲಿ ಸಿನಿಮಾ ನಾಯಕಿಯರಾಗುವ ಮೊದಲು ಕನ್ನಡ ಧಾರಾವಾಹಿಗಳಲ್ಲೇ ನಟಿಸುತ್ತಿದ್ದವರು. ತೆಲುಗು ಧಾರಾವಾಹಿಗಳಲ್ಲಿ ಕನ್ನಡದ ಎಷ್ಟೋ ನಟಿಯರು ನಾಯಕಿಯರಾಗಿದ್ದಾರೆ. ಇವರಿಗೆಲ್ಲ ಒಂದು ಅನುಕೂಲವಿತ್ತು: ಅವಕಾಶ ಬಂದಾಗ ಹೋಗಲು ಸಾಧ್ಯವಿತ್ತು. ನಿಮ್ಮ ಕಾಗದ ಮುಚ್ಚುವುದು ಆ ಬಾಗಿಲನ್ನೇ.

ದಿನಗಳ ಲೆಕ್ಕ ಏಕೆ ತಪ್ಪುತ್ತದೆ

ಅರ್ಧ ಗಂಟೆಯ ಸ್ಲಾಟ್‌ನಲ್ಲಿ ಜಾಹೀರಾತು ಕಳೆದರೆ ಸುಮಾರು 22 ನಿಮಿಷದ ಸಂಚಿಕೆ. ವಾರಕ್ಕೆ ಐದಾರು ಸಂಚಿಕೆ ಹೋಗುತ್ತಿರುವಾಗ ಯೂನಿಟ್ ಹೆಚ್ಚುಕಡಿಮೆ ದಿನಕ್ಕೊಂದು ಸಂಚಿಕೆಯಷ್ಟು ಚಿತ್ರೀಕರಿಸಲೇಬೇಕು. ನಾಯಕ ನಾಯಕಿ ಇಲ್ಲದೆ ಅದು ನಡೆಯುವುದಿಲ್ಲ. ತಂಗಿ ಇಲ್ಲದೆ ನಡೆಯುತ್ತದೆ. ನಿಮ್ಮ ದಿನಗಳು ನಿಮ್ಮ ‘ಟ್ರ್ಯಾಕ್’ಗೆ, ಅಂದರೆ ನಿಮ್ಮ ಪಾತ್ರದ ಉಪಕಥೆಗೆ, ಕಟ್ಟುಬಿದ್ದಿರುತ್ತವೆ: ತಂಗಿಯ ಪ್ರೀತಿ, ತಂಗಿಯ ಮದುವೆ, ತಂಗಿಗೆ ಆಗುವ ಮೋಸ. ವಾರವಾರ ಗುರುವಾರ, ಟಿವಿ ವೀಕ್ಷಣೆ ಅಳೆಯುವ ಸಂಸ್ಥೆ ಬಾರ್ಕ್‌ನ ಟಿಆರ್‌ಪಿ ಅಂಕಿ ಬರುತ್ತದೆ. ಎರಡು ಮೂರು ವಾರ ಅಂಕಿ ಇಳಿದರೆ ಮೊದಲು ಕತ್ತರಿ ಬೀಳುವುದು ಉಪಕಥೆಗೆ. ತಂಗಿ ಹಾಸ್ಟೆಲ್‌ಗೋ ಅಜ್ಜಿ ಮನೆಗೋ ಹೊರಡುತ್ತಾಳೆ. ನಿಮ್ಮನ್ನು ಯಾರೂ ತೆಗೆದುಹಾಕುವುದಿಲ್ಲ, ಮ್ಯಾನೇಜರ್ ಫೋನ್ ಬರುವುದು ನಿಲ್ಲುತ್ತದೆ, ಅಷ್ಟೆ. ಇದರಲ್ಲಿ ಯಾರ ದ್ವೇಷವೂ ಇಲ್ಲ. ಆದರೆ ಅಗ್ರಿಮೆಂಟ್ ಮಾತ್ರ ಜೀವಂತವಾಗಿರುತ್ತದೆ, ಬೇರೆಲ್ಲೂ ನಟಿಸುವಂತಿಲ್ಲ.

ಲೆಕ್ಕ ಹಾಕಿ ನೋಡಿ. 12 ದಿನವಾದರೆ 48,000. ಅದರಲ್ಲಿ 10% ಟಿಡಿಎಸ್ (ಹಣ ಕೊಡುವಾಗಲೇ ಮುರಿದುಕೊಳ್ಳುವ ತೆರಿಗೆ), ಅಂದರೆ 4,800 ಕಳೆದು ಕೈಗೆ 43,200. 5 ದಿನವಾದರೆ 20,000, ಕೈಗೆ 18,000. ಇದರಲ್ಲೇ ಪಿಜಿ ಬಾಡಿಗೆ, ಊಟ, ಆಟೊ, ಬಟ್ಟೆ. ಪಾನ್ ಸಂಖ್ಯೆ ಕೊಡದಿದ್ದರೆ 10ರ ಬದಲು 20% ಕಡಿತ. ಕಡಿತವಾದದ್ದು ನಷ್ಟವೆಂದು ಬಿಟ್ಟುಬಿಡುವವರು ಬಹಳ. ವರ್ಷಪೂರ್ತಿ 12 ದಿನದ ಲೆಕ್ಕದಲ್ಲಿ ನಿಮ್ಮ ದುಡಿಮೆ 5,76,000, ಟಿಡಿಎಸ್ 57,600. ಈಗಿರುವ ಹೊಸ ತೆರಿಗೆ ಪದ್ಧತಿಯಲ್ಲಿ ಈ ಮಟ್ಟದ ಆದಾಯಕ್ಕೆ ತೆರಿಗೆಯೇ ಬರುವುದಿಲ್ಲ. ರಿಟರ್ನ್ ಸಲ್ಲಿಸಿದರೆ ಆ ಹಣವೆಲ್ಲ ವಾಪಸ್. ಬಿ.ಕಾಂ. ಓದಿದ ನಿಮಗೆ ಇದು ಕಷ್ಟವಲ್ಲ.

ಇನ್ನೊಂದು ವಿಷಯವನ್ನು ಹೊಸಬರಿಗೆ ಯಾರೂ ಮುಂಚೆ ಹೇಳುವುದಿಲ್ಲ. ಚಾನೆಲ್‌ನಿಂದ ನಿರ್ಮಾಪಕರಿಗೆ, ನಿರ್ಮಾಪಕರಿಂದ ಕಲಾವಿದರಿಗೆ ಹಣ ಹರಿದು ಬರಲು ಸಮಯ ಹಿಡಿಯುತ್ತದೆ. ಮೊದಲ ಪೇಮೆಂಟ್ ಎರಡು ಮೂರು ತಿಂಗಳಾದ ಮೇಲೆ ಬಂದರೂ ಆಶ್ಚರ್ಯವಿಲ್ಲ. ಆದ್ದರಿಂದ ಕನಿಷ್ಠ ಮೂರು ತಿಂಗಳ ಬಾಡಿಗೆ ಊಟದ ಹಣ ಕೈಯಲ್ಲಿಟ್ಟುಕೊಂಡೇ ಬೆಂಗಳೂರಿಗೆ ಬನ್ನಿ. ಒಂದು ಪುಸ್ತಕದಲ್ಲಿ ತಾರೀಖು, ಲೊಕೇಶನ್, ಸೆಟ್ ತಲುಪಿದ ಸಮಯ, ಪ್ಯಾಕಪ್ (ಶೂಟಿಂಗ್ ಮುಗಿದ) ಸಮಯ, ಅಂದಿನ ಸಂಚಿಕೆ ನಿರ್ದೇಶಕರ ಹೆಸರು ಬರೆದಿಡಿ. ಕಾಲ್‌ಶೀಟ್ ಮೆಸೇಜ್‌ಗಳನ್ನು, ಅಂದರೆ ಯಾವ ದಿನ ಎಷ್ಟು ಹೊತ್ತಿಗೆ ಶೂಟಿಂಗ್‌ಗೆ ಬರಬೇಕೆಂದು ಕರೆಯುವ ಮೆಸೇಜ್‌ಗಳನ್ನು, ಅಳಿಸಬೇಡಿ. ‘ನೀವು ಬಂದದ್ದು ಒಂಬತ್ತು ದಿನ’, ‘ಇಲ್ಲ, ಹನ್ನೊಂದು’ ಎಂಬ ವಾದ ಬಂದಾಗ ಪ್ರೊಡಕ್ಷನ್ ಮ್ಯಾನೇಜರ್ ಬದಲಾಗಿರುತ್ತಾರೆ. ಆಗ ಮಾತಾಡುವುದು ಈ ಪುಸ್ತಕವೇ.

ಬಟ್ಟೆಯ ಖರ್ಚನ್ನೂ ಈಗಲೇ ಕೇಳಿ. ಪೋಷಕ ಪಾತ್ರದವರು ತಮ್ಮ ಬಟ್ಟೆ ತಾವೇ ತರಬೇಕೆಂಬ ಪದ್ಧತಿ ಎಷ್ಟೋ ಸೆಟ್‌ಗಳಲ್ಲಿದೆ. ದಿನಕ್ಕೆ ಎರಡು ಮೂರು ಚೇಂಜ್ ಎಂದರೆ ತಿಂಗಳಿಗೆ ಎಷ್ಟಾಯಿತು ನೋಡಿ. ಮೇಲಾಗಿ ಕಂಟಿನ್ಯುಟಿ (ಒಂದು ಶಾಟ್‌ನಲ್ಲಿದ್ದದ್ದು ಮುಂದಿನದರಲ್ಲೂ ಹಾಗೆಯೇ ಇರುವುದು) ಮುಗಿಯುವವರೆಗೆ ಆ ಚೂಡಿದಾರ್, ಆ ಬಳೆ, ಆ ಓಲೆ ಜೋಪಾನವಾಗಿ ತೆಗೆದಿಡಬೇಕು. ಮದುವೆ ಮನೆಯ ಸೀನ್ ಒಂದು ವಾರ ಹಿಡಿದರೆ ಒಂದೇ ಬಟ್ಟೆ ಒಂದು ವಾರ. ಅಚ್ಚ ಬಿಳಿ, ಸಣ್ಣ ಗೆರೆ, ಸಣ್ಣ ಚೌಕುಳಿ ತರಬೇಡಿ. ಬಿಳಿ ಬಟ್ಟೆ ಬೆಳಕನ್ನು ಎರಚುತ್ತದೆ, ಸಣ್ಣ ಗೆರೆ ಪರದೆಯ ಮೇಲೆ ನಡುಗುತ್ತದೆ.

ಆ ಮೂರು ವರ್ಷ, ಆ ಐದು ಲಕ್ಷ

ಇಲ್ಲಿ ಎರಡು ತಪ್ಪು ತಿಳಿವಳಿಕೆಗಳಿವೆ. ಒಂದು, ‘ಇಂಥ ಅಗ್ರಿಮೆಂಟ್ ಕೋರ್ಟಿನಲ್ಲಿ ನಿಲ್ಲುವುದಿಲ್ಲ, ಸುಮ್ಮನೆ ಸಹಿ ಹಾಕು’ ಎಂಬುದು. ಇನ್ನೊಂದು, ‘5 ಲಕ್ಷ ಎಂದು ಬರೆದರೆ 5 ಲಕ್ಷ ಕಟ್ಟಲೇಬೇಕು’ ಎಂಬುದು. ಎರಡೂ ಸರಿಯಲ್ಲ.

1872ರ ಭಾರತೀಯ ಕರಾರು ಕಾಯ್ದೆಯ 27ನೇ ಸೆಕ್ಷನ್ ಪ್ರಕಾರ ವೃತ್ತಿ ಮಾಡದಂತೆ ತಡೆಯುವ ಕರಾರು ಅಸಿಂಧು. ಆದರೆ ಕರಾರು ಜಾರಿಯಲ್ಲಿರುವ ಅವಧಿಯೊಳಗಿನ ನಿರ್ಬಂಧವನ್ನು ನ್ಯಾಯಾಲಯಗಳು ಸಾಮಾನ್ಯವಾಗಿ ಒಪ್ಪುತ್ತವೆ. ಅವಧಿ ಮುಗಿದ ಮೇಲೂ ತಡೆಯುವುದನ್ನು ಒಪ್ಪುವುದಿಲ್ಲ. ಮನಸ್ಸಿಲ್ಲದ ನಟಿಯನ್ನು ಬಂದು ನಟಿಸು ಎಂದು ಯಾವ ಕೋರ್ಟೂ ಬಲವಂತ ಮಾಡುವುದಿಲ್ಲ, ಆದರೆ ಬೇರೆ ಕಡೆ ನಟಿಸದಂತೆ ತಡೆಯಾಜ್ಞೆ ಕೊಡಬಹುದು. ಇನ್ನು 5 ಲಕ್ಷ: ಅದೇ ಕಾಯ್ದೆಯ 74ನೇ ಸೆಕ್ಷನ್ ಪ್ರಕಾರ ಬರೆದ ಮೊತ್ತ ಗರಿಷ್ಠ ಮಿತಿ. ಅದರೊಳಗೆ ನ್ಯಾಯವೆನಿಸುವ ಪರಿಹಾರವನ್ನಷ್ಟೇ ಕೋರ್ಟ್ ಕೊಡಿಸುತ್ತದೆ. ಇದು ನಿಮಗೆ ಧೈರ್ಯ ಕೊಡಬೇಕಾದ ಮಾತು, ಆದರೆ ಇದನ್ನು ನಂಬಿ ಸಹಿ ಹಾಕಬೇಡಿ. ತಡೆಯಾಜ್ಞೆಯ ಅರ್ಜಿ ಕೋರ್ಟಿನಲ್ಲಿ ನಡೆಯುವ ಆರು ತಿಂಗಳೇ ಹೊಸ ನಟಿಗೆ ದೊಡ್ಡ ನಷ್ಟ. ತಕರಾರಿನಲ್ಲಿರುವ ಮುಖವನ್ನು ಯಾವ ಚಾನೆಲ್ ಪ್ರೋಮೋದಲ್ಲಿ ಹಾಕುತ್ತದೆ?

ಆದ್ದರಿಂದ ಬದಲಾವಣೆ ಈಗಲೇ ಕೇಳಬೇಕು. ನಿರ್ಬಂಧ 3 ವರ್ಷಕ್ಕಲ್ಲ, ಈ ಧಾರಾವಾಹಿಯಲ್ಲಿ ನಿಮ್ಮ ಪಾತ್ರ ಇರುವವರೆಗೆ. ಅದೂ ಬೇರೆ ಕನ್ನಡ ಧಾರಾವಾಹಿಗಳಿಗೆ ಮಾತ್ರ. ಡೇಟ್ಸ್ ಕ್ಲ್ಯಾಶ್ ಆಗದಿದ್ದರೆ ಸಿನಿಮಾ, ಜಾಹೀರಾತು, ನಾಟಕಕ್ಕೆ ಅಡ್ಡಿ ಇರಬಾರದು. ಎಡೆಬಿಡದೆ 45 ದಿನ ಒಂದೂ ಕಾಲ್‌ಶೀಟ್ ಬಾರದಿದ್ದರೆ ಅಗ್ರಿಮೆಂಟ್ ತಾನಾಗಿ ಮುಗಿಯಬೇಕು. ಈ ಕೊನೆಯ ಷರತ್ತು ಅವರಿಗೆ ಒಂದು ಪೈಸೆಯ ಖರ್ಚಲ್ಲ, ನಿಮಗೆ ಅತ್ಯಂತ ಬೆಲೆಯುಳ್ಳದ್ದು; ಇದೊಂದನ್ನು ಬಿಟ್ಟುಕೊಡಬೇಡಿ. ಮಧ್ಯೆ ಬಿಡಬೇಕಾದರೆ 60 ದಿನದ ನೋಟಿಸ್. ಅಷ್ಟರಲ್ಲಿ ಅವರು ಪಾತ್ರಕ್ಕೆ ಬೇರೊಬ್ಬರನ್ನು ತರಬಹುದು, ಧಾರಾವಾಹಿಗಳಲ್ಲಿ ಅದು ದಿನನಿತ್ಯದ ಸಂಗತಿ. ಸಹಿ ಪ್ರೊಡಕ್ಷನ್ ಹೌಸ್ ಜೊತೆಗೋ ಚಾನೆಲ್ ಜೊತೆಗೋ ಎಂಬುದನ್ನೂ ಗಮನಿಸಿ. 3 ವರ್ಷದ ನಿರ್ಬಂಧ ಕೇಳುವ ಚಾನೆಲ್, ಈ ಧಾರಾವಾಹಿ ನಿಂತರೆ ಇನ್ನೊಂದರಲ್ಲಿ ಪಾತ್ರ ಕೊಡುವ ಸ್ಥಿತಿಯಲ್ಲಾದರೂ ಇರುತ್ತದೆ. ಒಂದೇ ಧಾರಾವಾಹಿ ಕೈಯಲ್ಲಿರುವ ನಿರ್ಮಾಪಕರಿಗೆ ಆ ಶಕ್ತಿ ಇಲ್ಲ.

ಅಮ್ಮನ ಚಿಂತೆ

ಅದು ಅನಗತ್ಯವಲ್ಲ. ಶೂಟಿಂಗ್ ಮನೆಗಳು ಊರಿನ ಅಂಚಿನಲ್ಲಿರುವುದೇ ಹೆಚ್ಚು. ಬೆಳಿಗ್ಗೆ ಬೇಗ ಮೇಕಪ್‌ಗೆ ಕುಳಿತರೆ ಪ್ಯಾಕಪ್ ರಾತ್ರಿಯೇ. ಕೇಳಬೇಕಾದ್ದು ಇವು: ಒಂದು ಕಾಲ್‌ಶೀಟ್ ಎಂದರೆ ಎಷ್ಟು ಗಂಟೆ, ಅದು ದಾಟಿದರೆ ಅರ್ಧ ದಿನದ ಪೇಮೆಂಟ್ ಸೇರುತ್ತದೆಯೇ, ರಾತ್ರಿ ಎಂಟರ ನಂತರ ಪ್ಯಾಕಪ್ ಆದರೆ ಪಿಜಿ ಬಾಗಿಲವರೆಗೆ ಗಾಡಿ ಉಂಟೇ, ಹೆಣ್ಣುಮಕ್ಕಳಿಗೆ ಚಿಲಕವಿರುವ ಬೇರೆ ಚೇಂಜಿಂಗ್ ರೂಮ್ ಇದೆಯೇ. ಒಮ್ಮೆ ಅಮ್ಮನನ್ನು ಸೆಟ್‌ಗೆ ಕರೆದುಕೊಂಡು ಹೋಗಿ, ಒಂದು ದಿನ ಪೂರ್ತಿ ಕೂತು ನೋಡಲಿ. ಬೇಡ ಎನ್ನುವ ಸೆಟ್ ಆದರೆ ಅದೇ ನಿಮಗೆ ಉತ್ತರ.

ಲೈಂಗಿಕ ಕಿರುಕುಳ ತಡೆಗೆ 2013ರ ಕಾಯ್ದೆ ಸೆಟ್‌ಗೂ ಅನ್ವಯಿಸುತ್ತದೆ. ದಿನಗೂಲಿ, ಗುತ್ತಿಗೆ ಎಂಬ ಭೇದವಿಲ್ಲ. ಸಂಸ್ಥೆ ಕಳಿಸುವ ಗಾಡಿಯೂ ಕೆಲಸದ ಜಾಗವೇ. ಹತ್ತು ಅಥವಾ ಹೆಚ್ಚು ಜನ ದುಡಿಯುವ ಕಡೆ ಆಂತರಿಕ ಸಮಿತಿ ಇರಲೇಬೇಕು. ಇಲ್ಲದಿದ್ದರೆ ಜಿಲ್ಲಾ ಮಟ್ಟದ ಸ್ಥಳೀಯ ಸಮಿತಿಗೆ ದೂರು ಕೊಡಬಹುದು. ಘಟನೆಯಾದ 3 ತಿಂಗಳೊಳಗೆ ಬರಹದಲ್ಲಿ ಕೊಡಬೇಕು, ಸರಿಯಾದ ಕಾರಣವಿದ್ದರೆ ಇನ್ನೂ 3 ತಿಂಗಳು ವಿಸ್ತರಣೆ ಸಾಧ್ಯ. ಆಂತರಿಕ ಸಮಿತಿಯ ಸದಸ್ಯರು ಯಾರು ಎಂದು ಸಹಿ ಹಾಕುವ ದಿನವೇ ಕೇಳಿ. ‘ಅಡ್ಜಸ್ಟ್‌ಮೆಂಟ್’ ಎಂಬ ಮಾತು ಯಾರ ಬಾಯಿಂದಾದರೂ ಬಂದರೆ ಮಾತುಕತೆ ಅಲ್ಲಿಗೆ ನಿಲ್ಲಿಸಿ, ಮೆಸೇಜ್ ಉಳಿಸಿಕೊಳ್ಳಿ.

ನಾಟಕದಿಂದ ಬಂದವರಿಗೆ ಸೆಟ್‌ನಲ್ಲಿ ತೊಡಕಾಗುವುದು

ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. ಮೊದಲ ತಿಂಗಳು ಹೇಗೆ ಕೆಲಸ ಮಾಡುತ್ತೀರಿ ಎಂಬುದರ ಮೇಲೆ ನಿಮ್ಮ ಟ್ರ್ಯಾಕ್ ಬೆಳೆಯುವುದು ನಿಂತಿದೆ. ನಾಟಕದವರ ದನಿ, ಧೈರ್ಯ, ಉಚ್ಚಾರ ಚೆನ್ನಾಗಿರುತ್ತದೆ. ತೊಡಕಾಗುವುದು ಎರಡು ಕಡೆ.

ಒಂದು ಕಂಟಿನ್ಯುಟಿ. ಅಡುಗೆಮನೆಯ ಸೀನ್ ಎಂದುಕೊಳ್ಳಿ. ಇಡೀ ಸೀನ್ ದೂರದಿಂದ ತೆಗೆಯುವ ಮಾಸ್ಟರ್ ಶಾಟ್‌ನಲ್ಲಿ ನೀವು ಕಾಫಿ ಲೋಟ ಕಟ್ಟೆಯ ಮೇಲಿಟ್ಟು ‘ಅಕ್ಕಾ, ನೀನು ಹೇಳಿದ್ದು ಸುಳ್ಳು’ ಎನ್ನುತ್ತೀರಿ. ಆಮೇಲೆ ಅಕ್ಕನ ಭುಜದ ಮೇಲಿಂದ ನಿಮ್ಮನ್ನು ತೋರಿಸುವ ‘ಸಜೆಷನ್’ ಶಾಟ್, ಆಮೇಲೆ ಕ್ಲೋಸಪ್, ಕೊನೆಗೆ ರಿಯಾಕ್ಷನ್. ಲೋಟ ಪ್ರತಿ ಸಲವೂ ಬಲಗೈಯಲ್ಲೇ ಇರಬೇಕು, ‘ಸುಳ್ಳು’ ಎನ್ನುವ ಮೊದಲೇ ಕೆಳಗೆ ಹೋಗಿರಬೇಕು. ನಾಟಕದಲ್ಲಿ ಪ್ರತಿ ಪ್ರದರ್ಶನಕ್ಕೂ ಸ್ವಲ್ಪ ಬೇರೆ ಮಾಡುವುದು ಗುಣ. ಇಲ್ಲಿ ಒಂದು ಟೇಕಿನಲ್ಲಿ ಎಡಗೈ ಆಯಿತೆಂದರೆ ಎಡಿಟಿಂಗ್‌ನಲ್ಲಿ ಆ ಶಾಟ್ ಕೂಡುವುದಿಲ್ಲ, ಕಳೆದುಹೋಗುವುದು ನಿಮ್ಮ ಕ್ಲೋಸಪ್ಪೇ. ಸಂಕಲನಕಾರರು ಅಕ್ಕನ ಮುಖದ ಮೇಲೆ ಸೀನ್ ಸಾಗಿಸಿಬಿಡುತ್ತಾರೆ. ರಿಯಾಕ್ಷನ್ ಶಾಟ್‌ನಲ್ಲಿ ‘ಕಟ್’ ಎನ್ನುವವರೆಗೆ ಮುಖದ ಭಾವ ಬಿಡಬೇಡಿ. ಹಿನ್ನೆಲೆ ಸಂಗೀತ ಏರಲು ಅವರಿಗೆ ನಾಲ್ಕೈದು ಸೆಕೆಂಡ್ ಬೇಕು.

ಎರಡು, ಪ್ರಾಂಪ್ಟಿಂಗ್. ಸೀನ್ ಪೇಪರ್ ಕೈಗೆ ಬರುವುದು ಎಷ್ಟೋ ಸಲ ಮೇಕಪ್ ಕುರ್ಚಿಯಲ್ಲಿರುವಾಗ. ಸಹಾಯಕ ನಿರ್ದೇಶಕರು ಪಕ್ಕದಿಂದ ಸಾಲು ಓದುತ್ತಾರೆ. ಹೊಸಬರ ಕಣ್ಣು ಆ ದನಿಯ ಕಡೆ ಹೊರಳುತ್ತದೆ. ಕ್ಲೋಸಪ್‌ನಲ್ಲಿ ಅದು ಎದ್ದು ಕಾಣುತ್ತದೆ. ಸಿಂಕ್ ಸೌಂಡ್ (ಶೂಟಿಂಗ್ ವೇಳೆಯೇ ಮಾತು ಧ್ವನಿಮುದ್ರಿಸುವುದು) ಇರುವ ಸೆಟ್‌ನಲ್ಲಿ ಪ್ರಾಂಪ್ಟ್ ದನಿ ನಿಮ್ಮ ಮಾತಿನ ಮೇಲೆ ಬಿದ್ದರೆ ಟೇಕ್ ಹೋಯಿತು. ಮನೆಯಲ್ಲಿ ಹೀಗೆ ಅಭ್ಯಾಸ ಮಾಡಿ: ಗೋಡೆಯ ಮೇಲೆ ಒಂದು ಚುಕ್ಕಿ ನೋಡುತ್ತಾ ನಿಲ್ಲಿ, ಗೆಳತಿ ಪಕ್ಕದಿಂದ ಪತ್ರಿಕೆಯ ವಾಕ್ಯ ಓದಲಿ, ಅವಳು ನಿಲ್ಲಿಸಿದ ಮೇಲೆ ಒಂದು ಉಸಿರು ಬಿಟ್ಟು, ಕಣ್ಣು ಕದಲಿಸದೆ ನಿಮ್ಮದೇ ಮಾತೆಂಬಂತೆ ಹೇಳಿ. ವಾರದಲ್ಲಿ ವ್ಯತ್ಯಾಸ ಕಾಣುತ್ತದೆ.

ಈಗ ನಿಮ್ಮ ಮುಂದಿರುವ ದಾರಿಗಳು. ಇದ್ದ ಹಾಗೆಯೇ ಸಹಿ ಹಾಕುವುದು: ಕೆಲಸ ತಕ್ಷಣ ಸಿಗುತ್ತದೆ, ಟ್ರ್ಯಾಕ್ ನಿಂತರೆ ಸಿಕ್ಕಿಬೀಳುತ್ತೀರಿ. ಬೇಡ. ಬಿಟ್ಟು ಒಂದು ವರ್ಷ ರಂಗಶಿಕ್ಷಣ ಪಡೆಯುವುದು: ನಿಮ್ಮ ಪಕ್ಕದಲ್ಲೇ ಹೆಗ್ಗೋಡಿನ ನೀನಾಸಂ ಇದೆ, ಮೈಸೂರಿನಲ್ಲಿ ರಂಗಾಯಣದ ರಂಗಶಿಕ್ಷಣ ಕೇಂದ್ರವಿದೆ, ಎರಡೂ ಕಡೆ ಒಂದು ವರ್ಷದ ಡಿಪ್ಲೊಮಾ. ನಟಿಯಾಗಿ ಗಟ್ಟಿಯಾಗುತ್ತೀರಿ, ಈ ಪಾತ್ರ ಮಾತ್ರ ಕಾಯುವುದಿಲ್ಲ. ಮೂರನೆಯದು, ಷರತ್ತು ಬದಲಿಸಿ ಸಹಿ ಹಾಕುವುದು. ನನ್ನ ಮತ ಇದಕ್ಕೇ. ತಂಗಿಯ ಪಾತ್ರ ಕಲಿಯಲು ಒಳ್ಳೆಯ ಜಾಗ: ಇಡೀ ಧಾರಾವಾಹಿಯ ಭಾರ ನಿಮ್ಮ ಮೇಲಿಲ್ಲ, ಕರೆದ ದಿನವೆಲ್ಲ ಕ್ಯಾಮೆರಾ ಮುಂದೆ ಇರುತ್ತೀರಿ. ಅವರು ಒಂದು ಷರತ್ತನ್ನೂ ಬದಲಿಸಲು ಒಪ್ಪದಿದ್ದರೆ ಎರಡನೆಯ ದಾರಿ ಹಿಡಿಯಿರಿ.

ಒಪ್ಪಿಗೆ ಕೇಳುವ ಇಮೇಲ್ ಹೀಗಿರಲಿ:

‘ನಮಸ್ಕಾರ. ಪಾತ್ರಕ್ಕೆ ನನ್ನ ಒಪ್ಪಿಗೆ ಇದೆ. ಸಹಿಗೆ ಮೊದಲು ಅಗ್ರಿಮೆಂಟಿನಲ್ಲಿ ಇವು ಸೇರಬೇಕೆಂದು ಕೋರುತ್ತೇನೆ. ತಿಂಗಳಿಗೆ ಕನಿಷ್ಠ 10 ದಿನದ ಪೇಮೆಂಟ್, ಕರೆದರೂ ಕರೆಯದಿದ್ದರೂ. ನಿರ್ಬಂಧ ಪಾತ್ರ ಇರುವವರೆಗೆ, ಇತರ ಕನ್ನಡ ಧಾರಾವಾಹಿಗಳಿಗೆ ಮಾತ್ರ. 45 ದಿನ ಕಾಲ್‌ಶೀಟ್ ಬಾರದಿದ್ದರೆ ಅಗ್ರಿಮೆಂಟ್ ಮುಕ್ತಾಯ. ಎರಡೂ ಕಡೆಯಿಂದ 60 ದಿನದ ನೋಟಿಸ್. 5 ಲಕ್ಷದ ಷರತ್ತು ಬೇಡ. ಬಿಲ್ ಕೊಟ್ಟ 60 ದಿನದೊಳಗೆ ಪೇಮೆಂಟ್. ಬಟ್ಟೆ ಸಂಸ್ಥೆಯದ್ದು, ಅಥವಾ ಅದಕ್ಕೆ ತಿಂಗಳ ಭತ್ಯೆ. ರಾತ್ರಿ 8ರ ನಂತರ ಡ್ರಾಪ್. ನನ್ನ ಪರೀಕ್ಷೆಯ ವೇಳಾಪಟ್ಟಿ ಲಗತ್ತಿಸಿದ್ದೇನೆ, ಆ ದಿನಗಳು ಮತ್ತು ಅವುಗಳ ಹಿಂದಿನ ದಿನ ಕಾಲ್‌ಶೀಟ್ ಬೇಡ.’

ಎಲ್ಲವನ್ನೂ ಒಪ್ಪುವುದಿಲ್ಲ. 10 ದಿನ 8ಕ್ಕೆ ಇಳಿಯಬಹುದು, ಬಟ್ಟೆಯ ಭತ್ಯೆ ಹೋಗಬಹುದು, ಇಳಿಯಲಿ. ಕನಿಷ್ಠ ದಿನ, 45 ದಿನದ ಷರತ್ತು, ಪರೀಕ್ಷೆ, ಈ ಮೂರರಲ್ಲಿ ಗಟ್ಟಿಯಾಗಿ ನಿಲ್ಲಿ. ಫೋನಿನಲ್ಲಿ ‘ಆಯ್ತಮ್ಮ, ಅದೆಲ್ಲ ನೋಡ್ಕೊಳ್ತೀವಿ, ನೀನು ಬಾ’ ಎಂದರೆ, ಅದನ್ನೇ ಬರಹದಲ್ಲಿ ಕಳಿಸಿ ಸರ್ ಎಂದು ವಿನಯದಿಂದ ಕೇಳಿ. ತಿದ್ದಿದ ಅಗ್ರಿಮೆಂಟ್ ಬಂದ ಮೇಲೆ ಒಬ್ಬ ವಕೀಲರಿಗೆ ತೋರಿಸಿ, ಪ್ರತಿ ಪುಟಕ್ಕೂ ಸಹಿ ಹಾಕಿ, ನಿರ್ಮಾಪಕರ ಸಹಿ ಇರುವ ಒಂದು ಪ್ರತಿಯನ್ನು ಅದೇ ದಿನ ಪಡೆದುಕೊಂಡು ಬನ್ನಿ.